ಅನ್ಯರೂಪದ ವ್ರತ: ದೇವರಗುಡ್ಡ-ಮೈಲಾರ ಪರಂಪರೆಯಲ್ಲಿ ಗೊರವರ ವೇಷ ಮತ್ತು ಅನ್ಯತೆ

ಪ್ರಸ್ತಾವನೆ

ಹಾವೇರಿಯಿಂದ ಬ್ಯಾಡಗಿಯ ಮಾರ್ಗವಾಗಿ ರಾಣೆಬೆನ್ನೂರಿಗೆ ಸಾಗುವ ರೈಲುದಾರಿಯಲ್ಲಿ ದೇವರಗುಡ್ಡವೆಂಬ ಸಣ್ಣ ನಿಲ್ದಾಣವೊಂದಿದೆ. ವರ್ಷದ ಬಹುಪಾಲು ದಿನಗಳಲ್ಲಿ ಅದು ಹತ್ತಿ, ಗೋವಿನಜೋಳ, ಮೆಣಸಿನಕಾಯಿ ಬೆಳೆಯುವ ಬಯಲಿನ ಸಾಮಾನ್ಯ ಊರು. ದಸರೆಯ ದಿನಗಳಲ್ಲಿ ಮಾತ್ರ ಅಲ್ಲಿಯ ಗುಡ್ಡದ ಸುತ್ತ ಬೇರೊಂದು ಲೋಕ ನೆರೆಯುತ್ತದೆ. ಕರಿಯ ಕಂಬಳಿಯ ನಿಲುವಂಗಿ ತೊಟ್ಟ, ಕವಡೆಯ ಸರ ಧರಿಸಿದ, ಮೈಗೆಲ್ಲ ಭಂಡಾರ ಬಳಿದುಕೊಂಡ ಗೊರವರು ಡಮರುಗ ನುಡಿಸುತ್ತ ಬರುತ್ತಾರೆ. ಅವರಲ್ಲಿ ಕೆಲವರು ನಾಯಿಗಳಂತೆ ಬೊಗಳುತ್ತಾರೆ. ನಿನ್ನೆಯವರೆಗೆ ಹೊಲದಲ್ಲಿ ಕುಂಟೆ ಹೊಡೆದ, ಸಂತೆಯಲ್ಲಿ ಕುರಿ ಮಾರಿದ ಮನುಷ್ಯನು ಈ ಹೊತ್ತಿಗೆ ತನ್ನ ಊರಿಗೇ ಅಪರಿಚಿತನಾಗಿ ನಿಲ್ಲುತ್ತಾನೆ.

ಪ್ರದರ್ಶಕನೊಬ್ಬನು ಮನುಷ್ಯಲೋಕದ ಹೊರಗಿನ ರೂಪವನ್ನು ಧರಿಸಿ ಜನರೆದುರು ನಿಲ್ಲುವ ಈ ಕ್ರಮ ಒಂದು ಪ್ರದೇಶಕ್ಕೆ ಸೀಮಿತವಾದುದಲ್ಲ. ಇಪ್ಪತ್ತನೆಯ ಶತಮಾನದ ಉತ್ತರಾರ್ಧದಲ್ಲಿ ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮ್ ಎಂಬ ಕಾರ್ಖಾನೆ ನಗರದಿಂದ ಹಬ್ಬಿದ ಹೆವಿ ಮೆಟಲ್ ಸಂಗೀತವು ಇದೇ ಕ್ರಮವನ್ನು ಬೇರೆ ನೆಲೆಯಲ್ಲಿ ಬೆಳೆಸಿತು. ೧೯೭೩ರಲ್ಲಿ ನ್ಯೂಯಾರ್ಕ್‌ನಲ್ಲಿ ಹುಟ್ಟಿದ ಕಿಸ್ ತಂಡದ ಸದಸ್ಯರು ಮುಖಕ್ಕೆ ಬಣ್ಣ ಬಳಿದು ರಾಕ್ಷಸ, ಬೆಕ್ಕು, ಅಂತರಿಕ್ಷದ ಮನುಷ್ಯ ಮುಂತಾದ ರೂಪಗಳನ್ನು ತಳೆದರು. ೧೯೮೪ರಲ್ಲಿ ವರ್ಜೀನಿಯಾದ ರಿಚ್‌ಮಂಡ್‌ನಲ್ಲಿ ಆರಂಭವಾದ ಗ್ವಾರ್ ತಂಡವು ತನ್ನವರನ್ನು ಅನ್ಯಗ್ರಹದಿಂದ ಭೂಮಿಗೆ ಗಡೀಪಾರಾದ ಜೀವಿಗಳೆಂದೇ ಕಥೆ ಕಟ್ಟಿಕೊಂಡಿತು. ಈ ವೇಷಗಳ ಹಿಂದೆ ಸಮಾಜವು ತಮ್ಮನ್ನು ಹೊರಗಿಟ್ಟಿದೆ ಎಂಬ ಭಾವ ಕೆಲಸಮಾಡಿದೆ ಎಂದು ಹಲವು ವಿದ್ವಾಂಸರು ಗುರುತಿಸಿದ್ದಾರೆ. ಈ ಸಂಗೀತದ ಕುರಿತು ೧೯೯೧ರಲ್ಲಿ ಸಮಾಜಶಾಸ್ತ್ರೀಯ ಅಧ್ಯಯನವನ್ನು ಪ್ರಕಟಿಸಿದ ಡೀನಾ ವೈನ್‌ಸ್ಟೀನ್ ಅವರು ಅದರ ಅಭಿಮಾನಿಗಳನ್ನು ತಮ್ಮ ಬಹಿಷ್ಕೃತ ಸ್ಥಿತಿಯನ್ನೇ ಹೆಮ್ಮೆಯಿಂದ ಧರಿಸಿದ ‘ಪರಿಯಾ’ಗಳೆಂದು ಕರೆದಿದ್ದಾರೆ. ಈ ಪದವು ಪರೈ ವಾದ್ಯದೊಡನೆ ಸಂಬಂಧ ಹೊಂದಿದ ತಮಿಳುನಾಡಿನ ಒಂದು ದಲಿತ ಸಮುದಾಯದ ಹೆಸರಿನಿಂದ ಯುರೋಪಿನ ಭಾಷೆಗಳಿಗೆ ಹೋದುದು. ಪಶ್ಚಿಮದ ಯುವಕನೊಬ್ಬನು ಇಷ್ಟಪಟ್ಟು ತೊಟ್ಟುಕೊಳ್ಳುವ ಬಹಿಷ್ಕಾರಕ್ಕೂ ದಕ್ಷಿಣ ಭಾರತದಲ್ಲಿ ಹುಟ್ಟಿನಿಂದಲೇ ಹೇರಲಾದ ಬಹಿಷ್ಕಾರಕ್ಕೂ ನಡುವಿನ ಅಂತರವು ಈ ಒಂದೇ ಪದದಲ್ಲಿ ಅಡಗಿದೆ.

ಆಯ್ದುಕೊಂಡ ಅನ್ಯತೆ ಯಾವುದು, ಹೇರಿದ ಅನ್ಯತೆ ಯಾವುದು ಎಂಬ ಪ್ರಶ್ನೆಯನ್ನು ಗೊರವರ ವೇಷದ ಚರಿತ್ರೆಯ ಮೂಲಕ ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶವಾಗಿದೆ.

ಕ್ಷೇತ್ರ ಮತ್ತು ದೈವ

ಮೈಲಾರಲಿಂಗನ ಆರಾಧನೆಯು ದಖ್ಖನಿನ ಮೂರು ಭಾಷಾವಲಯಗಳಲ್ಲಿ ಹರಡಿದೆ. ಮಹಾರಾಷ್ಟ್ರದಲ್ಲಿ ಅವನು ಖಂಡೋಬಾ, ತೆಲುಗು ನಾಡಿನಲ್ಲಿ ಮಲ್ಲನ್ನ, ಕರ್ನಾಟಕದಲ್ಲಿ ಮೈಲಾರ ಅಥವಾ ಮಾಲತೇಶ. ಬೀದರ್ ಜಿಲ್ಲೆಯ ಭಾಲ್ಕಿ ತಾಲೂಕಿನ ಮೈಲಾರ, ಹೂವಿನಹಡಗಲಿ ತಾಲೂಕಿನ ಮೈಲಾರ, ರಾಣೆಬೆನ್ನೂರು ತಾಲೂಕಿನ ದೇವರಗುಡ್ಡ ಇವು ಕನ್ನಡ ನಾಡಿನ ಪ್ರಮುಖ ಕೇಂದ್ರಗಳು. ಕೊನೆಯ ಎರಡು ಕ್ಷೇತ್ರಗಳ ನಡುವೆ ತುಂಗಭದ್ರೆ ಹರಿಯುತ್ತಾಳೆ. ಆಡಳಿತದ ಗಡಿಗಳು ಇವುಗಳನ್ನು ಬೇರ್ಪಡಿಸಿವೆ. ದೇವರಗುಡ್ಡವು ೧೯೯೭ರಲ್ಲಿ ಧಾರವಾಡದಿಂದ ಬೇರ್ಪಟ್ಟ ಹಾವೇರಿ ಜಿಲ್ಲೆಗೂ, ಹಡಗಲಿಯ ಮೈಲಾರವು ೨೦೨೧ರಲ್ಲಿ ಬಳ್ಳಾರಿಯಿಂದ ಬೇರ್ಪಟ್ಟ ವಿಜಯನಗರ ಜಿಲ್ಲೆಗೂ ಸೇರಿವೆ. ಆದರೆ ಭಕ್ತರ ನಡೆದಾಟದಲ್ಲಿ ಎರಡೂ ಒಂದೇ ಪರಂಪರೆಯ ನೆಲೆಗಳಾಗಿವೆ.

ಸಂಸ್ಕೃತದ ‘ಮಲ್ಲಾರಿ ಮಾಹಾತ್ಮ್ಯ’ವು ಹೇಳುವಂತೆ ಮಣಿ ಮತ್ತು ಮಲ್ಲ ಎಂಬ ದೈತ್ಯರ ಸಂಹಾರಕ್ಕಾಗಿ ಶಿವನು ಮಾರ್ತಂಡ ಭೈರವನಾಗಿ ಏಳು ಕೋಟಿ ಸೇನೆಯೊಡನೆ ಇಳಿದು ಬಂದನು. ‘ಏಳುಕೋಟಿ’ ಎಂಬ ಭಕ್ತರ ಉದ್ಘೋಷದಲ್ಲಿ ಈ ಕಥೆ ಇಂದಿಗೂ ಜೀವಂತವಾಗಿದೆ. ಇಲ್ಲಿ ದೇವರೇ ಹೊರಗಿನಿಂದ ಬಂದವನು. ಅವನು ಕುದುರೆಯೇರಿದ ಯೋಧ. ನಾಯಿಗಳು ಅವನ ಸಂಗಾತಿಗಳು. ಕರ್ನಾಟಕದ ಕಥನಗಳಲ್ಲಿ ಗಂಗಿಮಾಳವ್ವ ಅವನ ಪತ್ನಿಯಾದರೆ, ಕುರುಬತ್ತೆವ್ವ ಕುರಿಗಾಹಿಗಳ ಲೋಕದಿಂದ ಬಂದ ಇನ್ನೊಬ್ಬ ಪತ್ನಿ. ಈ ದೈವಗಳ ಕುರಿತು ೧೯೭೬ರಲ್ಲಿ ಜರ್ಮನ್ ಭಾಷೆಯಲ್ಲಿ ಮಹತ್ವದ ಗ್ರಂಥವನ್ನು ಪ್ರಕಟಿಸಿದ ಗ್ಯುಂಟರ್ ಸೋಂತೈಮರ್ ಅವರು ಅಡವಿ ಮತ್ತು ಊರು, ಪಶುಪಾಲನೆ ಮತ್ತು ಬೇಸಾಯ ಎಂಬ ಎರಡು ಲೋಕಗಳನ್ನು ಕೂಡಿಸುವ ದೈವಗಳಾಗಿ ಇವರನ್ನು ಕಂಡಿದ್ದಾರೆ. ಗೊರವನ ವೇಷವು ಈ ಎರಡು ಲೋಕಗಳ ಹೊಸ್ತಿಲಿನಲ್ಲಿಯೇ ಅರ್ಥ ಪಡೆಯುತ್ತದೆ.

‘ಗೊರವ’ ಪದದ ಚರಿತ್ರೆ

ಇಂದು ಗೊರವ ಎಂದೊಡನೆ ಮೈಲಾರಲಿಂಗನ ದೀಕ್ಷೆ ಪಡೆದ, ಬಹುಮಟ್ಟಿಗೆ ಕುರುಬ ಸಮುದಾಯಕ್ಕೆ ಸೇರಿದ ಭಿಕ್ಷಾವೃತ್ತಿಯವನ ಚಿತ್ರ ಕಣ್ಣಮುಂದೆ ಬರುತ್ತದೆ. ಆದರೆ ಪ್ರಾಚೀನ ಕನ್ನಡ ಶಾಸನಗಳಲ್ಲಿ ಈ ಪದದ ಸ್ಥಾನ ಬೇರೆಯಾಗಿತ್ತು. ಅಲ್ಲಿ ಗೊರವರೆಂದರೆ ಶೈವ ಯತಿಗಳು. ದೇವಾಲಯದ ಸ್ಥಾನಪತಿಗಳಾಗಿ, ದತ್ತಿಯನ್ನು ಪಡೆಯುವ ಆಚಾರ್ಯರಾಗಿ ಅವರು ಕಾಣಿಸಿಕೊಳ್ಳುತ್ತಾರೆ. ‘ಗುರು’ ಶಬ್ದದ ಗೌರವವಾಚಕ ರೂಪವೇ ಇದರ ಮೂಲವೆಂಬುದು ವಿದ್ವಾಂಸರ ಸಾಮಾನ್ಯ ಅಭಿಪ್ರಾಯ. ಮರಾಠಿಯ ‘ಗುರವ’ ಎಂಬ ಪದವು ಇಂದಿಗೂ ಶಿವಾಲಯದ ಅರ್ಚಕ ಸಮುದಾಯವನ್ನು ಸೂಚಿಸುತ್ತದೆ. ಒಂದೇ ಪದದ ಒಂದು ಕವಲು ಗರ್ಭಗುಡಿಯ ಬಾಗಿಲಲ್ಲಿ ಉಳಿಯಿತು. ಇನ್ನೊಂದು ಕವಲು ಕಂಬಳಿ ಹೊದ್ದು ಬೀದಿಗೆ ಬಂದಿತು.

ಈ ಪ್ರದೇಶವು ಲಾಕುಳ-ಕಾಳಾಮುಖ ಶೈವರ ಪ್ರಬಲ ನೆಲೆಯಾಗಿತ್ತು. ಹಾವೇರಿಯ ದಕ್ಷಿಣಕ್ಕಿರುವ ಬಳ್ಳಿಗಾವಿಯ ಕೋಡಿಯಮಠವನ್ನು ೧೧೬೨ರ ಶಾಸನವು ವೇದ, ವ್ಯಾಕರಣ, ದರ್ಶನಗಳ ಅಧ್ಯಯನ ಕೇಂದ್ರವೆಂದೂ ದೀನರಿಗೆ, ಅಂಗವಿಕಲರಿಗೆ ಅನ್ನವಿಕ್ಕುವ ಸ್ಥಳವೆಂದೂ ವರ್ಣಿಸುತ್ತದೆ. ರಾಣೆಬೆನ್ನೂರು ತಾಲೂಕಿನಲ್ಲಿಯೇ ಇರುವ ಚೌಡದಾನಪುರದ ಮುಕ್ತೇಶ್ವರ ದೇವಾಲಯದ ಶಾಸನಗಳಲ್ಲಿ ಲಾಕುಳ ಪರಂಪರೆಯ ಮುಕ್ತಜೀಯರ ಹೆಸರೂ, ೧೨೨೫ರಲ್ಲಿ ಅಲ್ಲಿಗೆ ಬಂದ ಶಿವದೇವರ ವೃತ್ತಾಂತವೂ ದೊರೆಯುತ್ತವೆ. ವಸುಂಧರಾ ಫಿಲಿಯೋಜಾ ಅವರು ಈ ಶಾಸನಗಳ ವಿವರವಾದ ಅಧ್ಯಯನ ನಡೆಸಿದ್ದಾರೆ.

ಕಾಳಾಮುಖ ಮಠಗಳು ಹದಿಮೂರನೆಯ ಶತಮಾನದ ನಂತರ ಕ್ಷೀಣಿಸಿದವು. ಅವುಗಳ ಆಸ್ತಿ, ಶಿಷ್ಯವರ್ಗಗಳ ಬಹುಭಾಗ ವೀರಶೈವ ಮಠಗಳಲ್ಲಿ ಲೀನವಾಯಿತೆಂಬುದು ಡೇವಿಡ್ ಲೊರೆಂಜೆನ್ ಅವರೂ ಸೇರಿದಂತೆ ಹಲವು ಇತಿಹಾಸಕಾರರ ಅಭಿಮತ. ಯತಿಗಳು ಮರೆಯಾದ ಮೇಲೂ ಹೆಸರು ಉಳಿದದ್ದು, ಅದೂ ಕುರಿಗಾಹಿ ಸಮುದಾಯದ ವ್ರತಧಾರಿಗಳಲ್ಲಿ ಉಳಿದದ್ದು ಗಮನಾರ್ಹವಾಗಿದೆ. ಹೆಸರಿನೊಡನೆ ಆಚರಣೆಯ ಯಾವುದಾದರೂ ಅಂಶ ಉಳಿದಿರಬಹುದೇ ಎಂಬ ಪ್ರಶ್ನೆ ಇಲ್ಲಿ ಸಹಜವಾಗಿ ಏಳುತ್ತದೆ.

ವೇಷದ ಅಂಗಗಳು

ಗೊರವರ ವೇಷವು ಪ್ರಾಂತಕ್ಕೆ ತಕ್ಕಂತೆ ಬದಲಾಗುತ್ತದೆ. ಮೈಸೂರು, ಚಾಮರಾಜನಗರ ಭಾಗದ ಗೊರವರ ಕುಣಿತದಲ್ಲಿ ಕರಡಿ ಕೂದಲಿನ ದೊಡ್ಡ ಟೊಪ್ಪಿಗೆ ಎದ್ದು ಕಾಣುತ್ತದೆ. ಹಾವೇರಿ, ಬಳ್ಳಾರಿ ಭಾಗಗಳಲ್ಲಿ ಕಂಬಳಿಯ ನಿಲುವಂಗಿ, ಕವಡೆ, ಗಂಟೆಗಳಿಗೆ ಪ್ರಾಧಾನ್ಯ ಹೆಚ್ಚು. ಡಮರುಗ, ಪಿಳ್ಳಂಗೋವಿ, ತ್ರಿಶೂಲ, ಭಂಡಾರದ ಚೀಲ ಮತ್ತು ಭಿಕ್ಷೆಯ ದೋಣಿ ಎಲ್ಲ ಕಡೆಯೂ ಸಾಮಾನ್ಯ. ಇವುಗಳಲ್ಲಿ ಕಂಬಳಿಯು ಕುರಿಯ ಉಣ್ಣೆಯಿಂದ ಬಂದುದು, ಕುರುಬರ ಮನೆಯ ವಸ್ತು. ಕರಡಿಯ ಕೂದಲು ಅಡವಿಯದು. ಕವಡೆ ಕಡಲಿನದು. ಭಂಡಾರವೆಂಬ ಅರಿಸಿನ ಪುಡಿ ಹೊಲದ್ದು. ಹೀಗೆ ಮನೆ, ಅಡವಿ, ಕಡಲು, ಹೊಲಗಳೆಲ್ಲ ಒಂದೇ ದೇಹದ ಮೇಲೆ ಸೇರಿದಾಗ ಆ ದೇಹವು ಯಾವೊಂದು ನೆಲೆಗೂ ಸೇರದುದಾಗುತ್ತದೆ. ಗೊರವನನ್ನು ಕಂಡ ಮಕ್ಕಳು ಬೆದರಿದರೆ ಹಿರಿಯರು ಅವನ ಕಾಲಿಗೆರಗುತ್ತಾರೆ. ಭಯ ಮತ್ತು ಭಕ್ತಿಗಳೆರಡನ್ನೂ ಒಟ್ಟಿಗೆ ಹುಟ್ಟಿಸುವುದೇ ಈ ವೇಷದ ಕಾರ್ಯವೆಂದು ಹೇಳಬಹುದು.

ಇದಕ್ಕೆ ಪೂರಕವಾಗಿ ಪವಾಡಗಳಿವೆ. ಕಬ್ಬಿಣದ ಸರಪಳಿಯನ್ನು ಜಗ್ಗಿ ಹರಿಯುವ ಸರಪಳಿ ಪವಾಡವು ಮೈಲಾರ ಮತ್ತು ದೇವರಗುಡ್ಡ ಎರಡೂ ಕ್ಷೇತ್ರಗಳಲ್ಲಿ ಪ್ರಸಿದ್ಧವಾಗಿದೆ. ದೇಹವನ್ನು ಅಪಾಯಕ್ಕೊಡ್ಡುವ ಇಂಥ ವೀರಕ್ರಿಯೆಗಳು ಈಚಿನವಲ್ಲ. ಓರುಗಲ್ಲು ನಗರವನ್ನು ವರ್ಣಿಸುವ ತೆಲುಗು ಕೃತಿ ‘ಕ್ರೀಡಾಭಿರಾಮಮು’ ಮೈಲಾರದೇವನ ವೀರಭಟರ ಸಾಹಸಗಳನ್ನು ಚಿತ್ರಿಸಿದೆ. ಆದ್ದರಿಂದ ಹಲವು ಶತಮಾನಗಳ ಹಿಂದೆಯೇ ಮೈಲಾರ ಭಕ್ತರ ಪ್ರದರ್ಶನವು ನಗರದ ಬೀದಿಯ ನೋಟವಾಗಿತ್ತೆಂಬುದು ಖಚಿತವಾಗುತ್ತದೆ.

ನಾಯಿಯ ವ್ರತ

ಈ ಪರಂಪರೆಯ ಅತ್ಯಂತ ವಿಚಿತ್ರವಾದ, ಹಾಗೆಯೇ ಅತ್ಯಂತ ವಿವಾದಾಸ್ಪದವಾದ ಅಂಗವೆಂದರೆ ವಗ್ಗಯ್ಯನ ಆಚರಣೆ. ವಗ್ಗಯ್ಯನು ತನ್ನನ್ನು ದೇವರ ನಾಯಿಯೆಂದು ಭಾವಿಸುತ್ತಾನೆ. ಭಕ್ತರು ದೋಣಿಗೆ ಹಾಲು, ಬಾಳೆಹಣ್ಣು, ಸಕ್ಕರೆ ಮೊದಲಾದವುಗಳನ್ನು ನೀಡಿದಾಗ ಅವನು ಬೊಗಳುತ್ತ ನೆಲಕ್ಕೆ ಬಾಗಿ ಕೈಮುಟ್ಟದೆ ಬಾಯಿಯಿಂದಲೇ ತಿನ್ನುತ್ತಾನೆ. ಮಹಾರಾಷ್ಟ್ರದಲ್ಲಿ ಇವನ ಪ್ರತಿರೂಪನ ಹೆಸರು ವಾಘ್ಯಾ. ಆ ಪದದಲ್ಲಿ ಹುಲಿ ಇದೆ. ಹುಲಿಯ ಹೆಸರು ಹೊತ್ತವನು ನಾಯಿಯಂತೆ ನಡೆದುಕೊಳ್ಳುವ ಈ ವೈಚಿತ್ರ್ಯವು ಅಡವಿಯ ಕ್ರೌರ್ಯವು ದೇವರ ಮುಂದೆ ಪಳಗಿದ ಕಥೆಯನ್ನು ಸೂಚಿಸುವಂತಿದೆ. ಕುರಿಗಾಹಿಗೆ ಹುಲಿ ಶತ್ರು, ನಾಯಿ ಕಾವಲುಗಾರ. ಶತ್ರುವನ್ನು ಕಾವಲುಗಾರನನ್ನಾಗಿ ಪರಿವರ್ತಿಸುವುದು ಕುರಿಹಟ್ಟಿಯ ದೇವರಿಗೆ ತಕ್ಕ ಮಹಿಮೆ.

ಇಲ್ಲಿ ಹಳೆಯ ಶೈವ ವ್ರತವೊಂದನ್ನು ನೆನೆಯುವುದು ಅವಶ್ಯ. ಪಾಶುಪತ ಸೂತ್ರಗಳು ಸಾಧಕನಿಗೆ ಒಂದು ಹಂತದಲ್ಲಿ ಜನರ ನಡುವೆ ಹುಚ್ಚನಂತೆ, ಪ್ರೇತದಂತೆ ಅಲೆಯಲು, ಎಚ್ಚರವಿದ್ದೂ ಗೊರಕೆ ಹೊಡೆಯಲು, ಕುಂಟುತ್ತ ನಡೆಯಲು, ಹೀಗೆ ಬೇಕೆಂದೇ ಅವಮಾನಕ್ಕೆ ಗುರಿಯಾಗಲು ವಿಧಿಸುತ್ತವೆ. ತನ್ನನ್ನು ಹೀನಾಯವಾಗಿ ಕಂಡವರ ಪುಣ್ಯ ಸಾಧಕನಿಗೆ ಬರುತ್ತದೆ, ಅವನ ಪಾಪ ಅವರಿಗೆ ಹೋಗುತ್ತದೆ ಎಂಬುದು ಅದರ ತರ್ಕ. ಡೇನಿಯಲ್ ಇಂಗಲ್ಸ್ ಅವರು ೧೯೬೨ರ ಪ್ರಬಂಧವೊಂದರಲ್ಲಿ ಈ ಪಾಶುಪತರನ್ನು ಪ್ರಾಚೀನ ಗ್ರೀಸಿನ ಸಿನಿಕ್ ಪಂಥದವರೊಡನೆ ಹೋಲಿಸಿದರು. ಸಿನಿಕ್ ಎಂಬ ಗ್ರೀಕ್ ಮೂಲದ ಪದಕ್ಕೆ ‘ನಾಯಿಯಂಥವನು’ ಎಂಬ ಅರ್ಥವಿರುವುದು ಈ ಸಂದರ್ಭದಲ್ಲಿ ಕುತೂಹಲಕಾರಿ. ಗೌರವವನ್ನು ಧಿಕ್ಕರಿಸಿದ ತತ್ತ್ವಜ್ಞಾನಿಗೆ ಅಲ್ಲಿಯೂ ನಾಯಿಯ ರೂಪವೇ ದೊರೆಯಿತು.

ಲಕುಲೀಶನನ್ನು ಮೂಲಪುರುಷನೆಂದು ಒಪ್ಪಿದ ಪಾಶುಪತ ಪರಂಪರೆಯೇ ಕಾಳಾಮುಖರ ಮೂಲಕ ತುಂಗಭದ್ರೆಯ ತೀರಕ್ಕೆ ಬಂದಿತ್ತು. ಗೊರವ ಎಂಬ ಹೆಸರೂ ಆ ಯತಿಗಳದೇ. ಇಷ್ಟರಿಂದಲೇ ವಗ್ಗಯ್ಯನ ಆಚರಣೆ ಪಾಶುಪತ ವ್ರತದಿಂದ ನೇರವಾಗಿ ಇಳಿದುಬಂದಿತೆಂದು ಸಾಧಿಸಲಾಗದು. ಪಶುಪಾಲಕರ ನಾಯಿ ಮತ್ತು ಯತಿಗಳ ಅವಮಾನವ್ರತ ಇವೆರಡೂ ಈ ನೆಲದಲ್ಲಿ ಸಂಧಿಸಿರಬಹುದೆಂಬ ಊಹೆಗೆ ಮಾತ್ರ ಅವಕಾಶವಿದೆ. ಆದರೆ ಒಂದು ಸಂಗತಿ ಸ್ಪಷ್ಟ: ತನ್ನನ್ನು ಮನುಷ್ಯಲೋಕದಿಂದ ಹೊರಗಿಟ್ಟುಕೊಳ್ಳುವುದು ಈ ಪ್ರದೇಶದಲ್ಲಿ ಒಂದು ಸಾಧನೆಯೆಂದು ಬಹಳ ಹಿಂದಿನಿಂದಲೂ ಪರಿಚಿತವಾಗಿತ್ತು.

ಇದರ ವಿರುದ್ಧದ ಆಕ್ಷೇಪವೂ ಅಷ್ಟೇ ಬಲವಾದುದು. ಪಾಶುಪತ ಸಾಧಕನು ಮಾನವನ್ನು ಬಿಟ್ಟುಕೊಡಲು ಮೊದಲು ಅವನಿಗೆ ಮಾನವಿರಬೇಕು. ಸಮಾಜವು ಮೊದಲೇ ಕೆಳಗಿಟ್ಟ ಸಮುದಾಯದ ವ್ಯಕ್ತಿಯು ನೆಲಕ್ಕೆ ಬಾಗಿ ನಾಯಿಯಂತೆ ಉಣ್ಣುವಾಗ ಅದು ತ್ಯಾಗವಾಗುವುದಿಲ್ಲ, ಇದ್ದ ಕೀಳುಸ್ಥಿತಿಯ ಪುನರುಕ್ತಿಯಾಗುತ್ತದೆ ಎಂಬ ವಿಮರ್ಶೆಯನ್ನು ಅಲಕ್ಷಿಸುವಂತಿಲ್ಲ. ಒಂದೇ ಆಚರಣೆ ಮಾಡುವವನ ಸ್ಥಿತಿಗೆ ತಕ್ಕಂತೆ ವ್ರತವೂ ಆಗಬಹುದು, ಅವಮಾನವೂ ಆಗಬಹುದು. ಹರಕೆ ಹೊತ್ತು ಜಾತ್ರೆಯ ಕೆಲವು ದಿನ ವಗ್ಗಯ್ಯನಾಗಿ ಮರಳಿ ತನ್ನ ಹೊಲಕ್ಕೆ ಹೋಗುವ ಗೃಹಸ್ಥನ ಸ್ಥಿತಿ ಬೇರೆ. ಬೇರೆ ಜೀವನೋಪಾಯವಿಲ್ಲದೆ ವರ್ಷವಿಡೀ ದೋಣಿ ಹಿಡಿದು ಅಲೆಯಬೇಕಾದವನ ಸ್ಥಿತಿ ಬೇರೆ.

ಕಾರ್ಣಿಕ: ಅನ್ಯನ ಮಾತು

ಗೊರವನ ಅನ್ಯತೆಯು ಸಾಮಾಜಿಕ ಅಧಿಕಾರವಾಗಿ ಮಾರ್ಪಡುವ ಗಳಿಗೆ ಕಾರ್ಣಿಕದ್ದು. ಮೈಲಾರದಲ್ಲಿ ಭರತ ಹುಣ್ಣಿಮೆಯ ಜಾತ್ರೆಯಲ್ಲಿ ಡೆಂಕನಮರಡಿ ಎಂಬ ಸ್ಥಳದಲ್ಲಿ, ದೇವರಗುಡ್ಡದಲ್ಲಿ ದಸರೆಯ ಆಯುಧಪೂಜೆಯ ಹೊತ್ತಿನಲ್ಲಿ ಕಾರ್ಣಿಕ ನಡೆಯುತ್ತದೆ. ದಿನಗಟ್ಟಲೆ ಉಪವಾಸವಿದ್ದ ಗೊರವಯ್ಯನು ನೆಟ್ಟಗೆ ನಿಲ್ಲಿಸಿದ ಎತ್ತರದ ಬಿಲ್ಲನ್ನೇರುತ್ತಾನೆ. ‘ಸದ್ದಲೇ’ ಎಂದು ಕೂಗಿದೊಡನೆ ಲಕ್ಷಾಂತರ ಜನ ಮೌನವಾಗುತ್ತಾರೆ. ಒಂದೇ ಒಂದು ವಾಕ್ಯವನ್ನು ನುಡಿದು ಅವನು ಕೆಳಕ್ಕೆ ಬೀಳುತ್ತಾನೆ; ಕೆಳಗಿದ್ದವರು ಅವನನ್ನು ಹಿಡಿದುಕೊಳ್ಳುತ್ತಾರೆ.

ಆ ವಾಕ್ಯವು ಸಾಮಾನ್ಯವಾಗಿ ಆಕಾಶ, ಭೂಮಿ, ಸಿಡಿಲು, ಮುತ್ತು, ಸರ್ಪ ಇಂಥ ಸಂಕೇತಗಳಿಂದ ಕೂಡಿದ ಒಗಟು. ನುಡಿದವನು ಅದನ್ನು ಬಿಡಿಸಿ ಹೇಳುವುದಿಲ್ಲ. ಅರ್ಥ ಹೇಳುವ ಹೊಣೆ ಕೇಳಿದವರದು. ಬ್ಯಾಡಗಿಯ ಮೆಣಸಿನಕಾಯಿ ಬೆಳೆಗಾರನು ಅದರಲ್ಲಿ ಮಳೆಯನ್ನೂ ಧಾರಣೆಯನ್ನೂ ಕಾಣುತ್ತಾನೆ. ರಾಜಕಾರಣಿಯು ಅಧಿಕಾರದ ಏರಿಳಿತವನ್ನು ಕಾಣುತ್ತಾನೆ. ಹೀಗೆ ಅನ್ಯನ ಬಾಯಿಂದ ಬಂದ ಮಾತು ಕೇಳುಗರ ಆತಂಕಗಳಿಗೆ ಕನ್ನಡಿಯಾಗುತ್ತದೆ.

ಇದಕ್ಕೆ ವಸಾಹತು ಕಾಲದ ದಾಖಲೆಯೊಂದು ಒಳ್ಳೆಯ ನಿದರ್ಶನ. ಡಬ್ಲ್ಯೂ. ಫ್ರಾನ್ಸಿಸ್ ಅವರು ಸಿದ್ಧಪಡಿಸಿದ ೧೯೦೪ರ ಬಳ್ಳಾರಿ ಜಿಲ್ಲಾ ಗೆಜೆಟಿಯರ್ ಮೈಲಾರದ ಕಾರ್ಣಿಕವನ್ನು ವಿವರಿಸುತ್ತ, ೧೮೫೭ರ ದಂಗೆಯ ಹಿಂದಿನ ವರ್ಷ ಗೆದ್ದಲಿನ ವಿರುದ್ಧ ಎದ್ದುದರ ಕುರಿತಾದ ನುಡಿ ಬಂದಿತ್ತೆಂಬ ಜನಶ್ರುತಿಯನ್ನು ದಾಖಲಿಸಿದೆ. ಇಂಗ್ಲಿಷಿನಲ್ಲಿ ಗೆದ್ದಲಿಗೆ ‘ಬಿಳಿ ಇರುವೆ’ ಎಂದು ಅರ್ಥ ಬರುವ ಹೆಸರಿದೆ. ಆದ್ದರಿಂದ ಆಂಗ್ಲ ಓದುಗನಿಗೆ ಅದರಲ್ಲಿ ಬಿಳಿಯರ ಸೂಚನೆ ಥಟ್ಟನೆ ಕಾಣುತ್ತದೆ. ಆದರೆ ಕನ್ನಡದ ‘ಗೆದ್ದಲು’ ಎಂಬ ಪದದಲ್ಲಿ ಬಿಳುಪಿನ ಸೂಚನೆಯೇ ಇಲ್ಲ. ರೈತನಿಗೆ ಗೆದ್ದಲೆಂದರೆ ಮನೆಯ ತೊಲೆಯನ್ನು ಒಳಗಿನಿಂದ ತಿನ್ನುವ ಹುಳು. ಆದ್ದರಿಂದ ಶ್ಲೇಷೆಯು ಹುಟ್ಟಿದ್ದು ಬಿಲ್ಲಿನ ಮೇಲೋ ಅಥವಾ ಭಾಷಾಂತರಿಸಿದವರ ಮನಸ್ಸಿನಲ್ಲೋ ಎಂಬ ಸಂದೇಹಕ್ಕೆ ಎಡೆಯಿದೆ. ಆಳುವವರು ಕೂಡ ಕಂಬಳಿ ಹೊದ್ದ ಗೊರವನ ಮಾತಿಗೆ ಕಿವಿಗೊಟ್ಟರು, ತಮ್ಮ ಭಯವನ್ನು ಅದರಲ್ಲಿ ಓದಿಕೊಂಡರು ಎಂಬುದೇ ಇಲ್ಲಿ ಮುಖ್ಯವಾದ ಸಂಗತಿ.

ಕಾಗಿನೆಲೆಯ ದಾರಿ

ಅನ್ಯತೆಯನ್ನು ಎದುರಿಸುವ ಇನ್ನೊಂದು ದಾರಿಯೂ ಇದೇ ಸೀಮೆಯಲ್ಲಿ ರೂಪುಗೊಂಡಿತು. ಬ್ಯಾಡಗಿ ತಾಲೂಕಿನ ಕಾಗಿನೆಲೆಯು ಹದಿನಾರನೆಯ ಶತಮಾನದ ಕನಕದಾಸರ ಕ್ಷೇತ್ರ. ಕುರುಬ ಸಮುದಾಯಕ್ಕೆ ಸೇರಿದವರೆಂದು ಪರಂಪರೆ ಗುರುತಿಸುವ ಕನಕದಾಸರು ಕಾಗಿನೆಲೆಯ ಆದಿಕೇಶವನ ಅಂಕಿತದಲ್ಲಿ ಕೀರ್ತನೆಗಳನ್ನು ರಚಿಸಿದರು. ಉಡುಪಿಯ ಕನಕನ ಕಿಂಡಿಯ ಐತಿಹ್ಯವು ಅವರನ್ನು ಹೊರಗೆ ನಿಂತವರನ್ನಾಗಿ ನೆನಪಿಸುತ್ತದೆ. ಅವರ ‘ರಾಮಧಾನ್ಯ ಚರಿತೆ’ಯಲ್ಲಿ ಭತ್ತ ಮತ್ತು ರಾಗಿ ತಮ್ಮಲ್ಲಿ ಯಾರು ಶ್ರೇಷ್ಠರೆಂದು ವಾದಿಸುತ್ತವೆ. ಎರಡನ್ನೂ ಆರು ತಿಂಗಳು ಸೆರೆಯಲ್ಲಿಟ್ಟ ಬಳಿಕ ಕೆಡದೆ ಉಳಿದ ರಾಗಿಗೆ ಮನ್ನಣೆ ದೊರೆಯುತ್ತದೆ.

ಗೊರವನು ತನ್ನ ಹೊರಗುತನವನ್ನು ಮತ್ತಷ್ಟು ಹೆಚ್ಚಿಸಿಕೊಂಡು ಆ ಅತಿರೇಕದಿಂದಲೇ ಶಕ್ತಿ ಪಡೆದನು. ಕನಕದಾಸರು ಸಭೆಯ ಭಾಷೆಯಲ್ಲಿ ವಾದ ಹೂಡಿ, ಹೊರಗಿಟ್ಟ ಧಾನ್ಯಕ್ಕೆ ಒಳಗಿನ ನ್ಯಾಯವನ್ನು ಬೇಡಿದರು. ಮೊದಲನೆಯದು ರೂಪದ ಮಾರ್ಗ, ಎರಡನೆಯದು ವಿಚಾರದ ಮಾರ್ಗ. ಒಂದನ್ನು ಮೌಢ್ಯವೆಂದೂ ಇನ್ನೊಂದನ್ನು ಪ್ರಗತಿಯೆಂದೂ ವಿಂಗಡಿಸಿದರೆ ಒಂದೇ ಸಮುದಾಯದ ಬದುಕಿನಲ್ಲಿ ಇವೆರಡೂ ಜೊತೆಯಾಗಿ ನಡೆದ ಚರಿತ್ರೆಯು ಕೈತಪ್ಪುತ್ತದೆ.

ಆಧುನಿಕ ವೇದಿಕೆಯಲ್ಲಿ ಗೊರವ

ಇಪ್ಪತ್ತನೆಯ ಶತಮಾನದ ಕೊನೆಯ ದಶಕಗಳಿಂದ ಗೊರವರ ಕುಣಿತವು ಜನಪದ ಕಲೆಯೆಂಬ ಹೊಸ ಹೆಸರಿನಲ್ಲಿ ಉತ್ಸವಗಳನ್ನೂ ಮೆರವಣಿಗೆಗಳನ್ನೂ ಪ್ರವೇಶಿಸಿದೆ. ೨೦೧೧ರಲ್ಲಿ ಶಿಗ್ಗಾವಿ ತಾಲೂಕಿನ ಗೊಟಗೋಡಿಯಲ್ಲಿ ಸ್ಥಾಪನೆಯಾದ ಕರ್ನಾಟಕ ಜಾನಪದ ವಿಶ್ವವಿದ್ಯಾಲಯದಿಂದಾಗಿ ಹಾವೇರಿ ಜಿಲ್ಲೆಯೇ ಇಂಥ ಕಲೆಗಳ ಅಧ್ಯಯನ ಕೇಂದ್ರವನ್ನು ಪಡೆದಂತಾಗಿದೆ. ೧೯೭೨ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ನಂತರ ಕರಡಿ, ಹುಲಿಗಳ ಚರ್ಮ, ಕೂದಲುಗಳನ್ನು ಹೊಸದಾಗಿ ಪಡೆಯುವಂತಿಲ್ಲ. ಕೃತಕ ಕೂದಲಿನ ಟೊಪ್ಪಿಗೆ ಆ ಸ್ಥಾನಕ್ಕೆ ಬಂದಿದೆ. ಅಡವಿಯ ಪ್ರಾಣಿಯು ಹೀಗೆ ವೇಷದಿಂದಲೂ ದೂರ ಸರಿಯಿತು.

ವೇದಿಕೆಯು ಗೊರವನಿಗೆ ಗೌರವಧನವನ್ನೂ ಮನ್ನಣೆಯನ್ನೂ ಕೊಟ್ಟಿದೆ. ಆದರೆ ಅದು ಡಮರುಗ, ಹೆಜ್ಜೆ, ಟೊಪ್ಪಿಗೆಗಳನ್ನು ಆಯ್ದುಕೊಂಡು ದೋಣಿ, ಬೊಗಳು, ಉಪವಾಸಗಳನ್ನು ಬಿಟ್ಟಿದೆ. ನೋಡುಗರಲ್ಲಿ ಬೆರಗು ಉಳಿದು ಭಯ ಮರೆಯಾಗಿದೆ. ಅವಮಾನದ ಅಂಶ ತೊಲಗಿದ್ದು ಸ್ವಾಗತಾರ್ಹ. ಅದರೊಡನೆ ಗೊರವನ ಮಾತಿಗೆ ನಾಡು ಮೌನವಾಗಿ ಕಾಯುತ್ತಿದ್ದ ಸ್ಥಾನವೂ ವೇದಿಕೆಯಲ್ಲಿ ಉಳಿದಿಲ್ಲವೆಂಬುದನ್ನು ಗುರುತಿಸಬೇಕು. ಮೆರವಣಿಗೆಯಲ್ಲಿ ಕುಣಿಯುವ ಗೊರವನನ್ನು ಎಲ್ಲರೂ ನೋಡುತ್ತಾರೆ. ಅವನು ಏನನ್ನಾದರೂ ನುಡಿಯಬೇಕೆಂದು ಯಾರೂ ನಿರೀಕ್ಷಿಸುವುದಿಲ್ಲ.

ಇದೇ ಕಾಲಘಟ್ಟದಲ್ಲಿ ರಾಜಧಾನಿ ಬೆಂಗಳೂರು ಹೆವಿ ಮೆಟಲ್ ಸಂಗೀತದ ಕೇಂದ್ರವಾಗಿ ಬೆಳೆಯಿತು. ೧೯೯೮ರಲ್ಲಿ ಅಲ್ಲಿ ಕ್ರಿಪ್ಟೋಸ್ ತಂಡ ಹುಟ್ಟಿತು. ೨೦೦೭ರಲ್ಲಿ ಅರಮನೆ ಮೈದಾನದಲ್ಲಿ ನಡೆದ ಐರನ್ ಮೇಡನ್ ತಂಡದ ಕಛೇರಿಗೆ ದೇಶದ ನಾನಾ ಕಡೆಗಳಿಂದ ಯುವಜನರು ಬಂದರು. ಕಪ್ಪು ಉಡುಪು, ವಿಕಾರ ಮುಖದ ಚಿತ್ರಗಳು, ಕಿವಿಗಡಚಿಕ್ಕುವ ನಾದ ಇವುಗಳ ಮೂಲಕ ಅವರು ತಮ್ಮ ಬೇರೆತನವನ್ನು ಸಾರಿದರು. ಅದಕ್ಕೂ ದೇವರಗುಡ್ಡದ ನೋಟಕ್ಕೂ ಹೊರನೋಟದ ಸಾಮ್ಯವಿದೆ. ಮೆಟಲ್ ಅಭಿಮಾನಿಯು ಪರಸ್ಥನಾಗಿ ತನ್ನಂಥ ಪರಸ್ಥರನ್ನು ಕೂಡಿಕೊಳ್ಳುತ್ತಾನೆ. ಅವನ ಬಳಗ ಸಮಾಜದ ಪಕ್ಕದಲ್ಲಿ ಬೇರೆಯಾಗಿ ನಿಲ್ಲುತ್ತದೆ. ಗೊರವನಾದರೋ ತನ್ನನ್ನು ಹೊರಗಿಟ್ಟ ಸಮಾಜದ ನಡುವೆಯೇ ಬಿಲ್ಲನ್ನೇರುತ್ತಾನೆ, ಅದರ ಮಳೆ-ಬೆಳೆಯ ಕುರಿತು ನುಡಿಯುತ್ತಾನೆ, ಕೊನೆಗೆ ಅದರ ಕೈಗಳ ಮೇಲೆಯೇ ಬೀಳುತ್ತಾನೆ.

ಸಮಾರೋಪ

ಗೊರವ ಎಂಬ ಪದವು ಶಾಸನಗಳ ಶೈವ ಗುರುವಿನಿಂದ ಕಂಬಳಿಯ ಭಿಕ್ಷುಕನವರೆಗೆ, ಅಲ್ಲಿಂದ ಉತ್ಸವದ ಕಲಾವಿದನವರೆಗೆ ಸಾಗಿ ಬಂದಿದೆ. ಈ ದೀರ್ಘ ಪಯಣದಲ್ಲಿ ಅವನ ಅನ್ಯರೂಪವನ್ನು ಒಂದೇ ಅರ್ಥಕ್ಕೆ ಕಟ್ಟಿಹಾಕಲಾಗದು. ಅದು ವ್ರತವಾಗಿತ್ತು, ವೃತ್ತಿಯಾಗಿತ್ತು, ಕೆಲವೊಮ್ಮೆ ಹೇರಿದ ಹೀನತೆಯೂ ಆಗಿತ್ತು. ಇವುಗಳನ್ನು ಬೇರ್ಪಡಿಸಿ ನೋಡಲು ಎರಡು ಪ್ರಶ್ನೆಗಳು ನೆರವಾಗುತ್ತವೆ: ವೇಷ ತೊಟ್ಟವನಿಗೆ ಅದನ್ನು ಕಳಚುವ ಸ್ವಾತಂತ್ರ್ಯವಿದೆಯೇ? ವೇಷದೊಳಗಿನಿಂದ ಅವನು ನುಡಿದಾಗ ಕೇಳುವವರಿದ್ದಾರೆಯೇ? ಮೊದಲನೆಯದು ಇಲ್ಲವಾದರೆ ಅನ್ಯತೆಯು ಸೆರೆಯಾಗುತ್ತದೆ. ಎರಡನೆಯದು ಇಲ್ಲವಾದರೆ ಅದು ಬರಿಯ ನೋಟವಾಗುತ್ತದೆ. ಗೊರವರ ಕಲೆಯನ್ನು ದಾಖಲಿಸುವ, ಪೋಷಿಸುವ ಇಂದಿನ ಸಂಸ್ಥೆಗಳು ಅವರ ಟೊಪ್ಪಿಗೆ, ಡಮರುಗಗಳೊಡನೆ ಅವರ ಬದುಕಿನ ಸ್ಥಿತಿಗತಿಯನ್ನೂ ಅವರ ನುಡಿಯ ಪರಂಪರೆಯನ್ನೂ ದಾಖಲಿಸಿದಾಗ ಮಾತ್ರ ಈ ಚರಿತ್ರೆ ಪೂರ್ಣವಾಗುತ್ತದೆ.